ಗುರುತಿಲ್ಲದ ಹನ್ನೆರಡು ಮನೆ

"ಏ ಮುದುಕಿ, ಆ ಕೊಳಕು ಗಂಟು ಮೇಜಿನ ಮೇಲಿಡಬೇಡ. ಇದೇನು ನಿನ್ನ ಒಗೆಯೋ ಕಲ್ಲು ಅಂದ್ಕೊಂಡ್ಯಾ?"

ದಾಖಲೆ ಸಾಹೇಬ ಕುರ್ಚಿಯಿಂದ ಅರ್ಧ ಎದ್ದೇಬಿಟ್ಟಿದ್ದ. ಚುಕ್ಕೆಜ್ಜಿ ಗಂಟನ್ನು ಎತ್ತಿ ಎದೆಗೆ ಅವುಚಿಕೊಂಡಳು. ಕೊಳಕಂತೆ. ಐವತ್ತು ವರ್ಷ ಕಂಡವರ ಕೊಳೆ ತೆಗೆದ ಕೈ ಕಟ್ಟಿದ ಗಂಟು ಅದು. ನಿನ್ನೆ ತಾನೇ ಗಂಜಿ ಹಾಕಿ, ಇಸ್ತ್ರಿ ಮಾಡಿ, ಮಡಿಕೆ ಕೆಡದ ಹಾಗೆ ಸುತ್ತಿ ತಂದಿದ್ದಳು. ಸಾಹೇಬನ ಕಾಲರಿನ ಒಳಗಿನ ಜಿಡ್ಡು ಅವಳಿಗೆ ಬಾಗಿಲಲ್ಲಿ ನಿಂತಾಗಲೇ ಕಂಡಿತ್ತು. ಅದನ್ನು ಹೇಳುವ ಹಾಗಿಲ್ಲವಲ್ಲ.

"ಕೊಳಕಲ್ಲ ಸ್ವಾಮಿ. ಗುರುತಿನ ಬಟ್ಟೆ. ಓಣಿಯೆಲ್ಲ ಇದರೊಳಗೇ ಇದೆ."

ಹೇಳಿಕೆ ಬರೆಸುವ ಆ ಕೋಣೆ ತೆರೆದು ಮೂರು ವಾರವಾಗಿತ್ತು. ಮೂವತ್ತನಾಲ್ಕು ವರ್ಷದ ಹಿಂದೆ ಕಾಲುವೆ ಓಣಿಯ ಜನರನ್ನು ಒಂದೇ ಮಧ್ಯಾಹ್ನದಲ್ಲಿ ಲಾರಿಗೆ ತುಂಬಿ, ಊರಾಚೆಯ ತಗಡಿನ ಶೆಡ್ಡುಗಳ ಮುಂದೆ ತಂದು ಸುರಿದಿದ್ದರು. ಓಣಿ ಇದ್ದ ಕಡೆ ಗಿರಣಿಯ ಗೋದಾಮು ಎದ್ದಿತು. ಶೆಡ್ಡು ಆರು ತಿಂಗಳ ಮಟ್ಟಿಗೆ ಮಾತ್ರ ಅಂದಿದ್ದರು. ಆ ಆರು ತಿಂಗಳು ಇನ್ನೂ ಮುಗಿದಿಲ್ಲ ಅಂತ ಶೆಡ್ಡಿನವರು ಈಗಲೂ ನಗುತ್ತಾರೆ. ಈಗ ಸರ್ಕಾರಕ್ಕೆ ಇದ್ದಕ್ಕಿದ್ದ ಹಾಗೆ ನೆನಪು ಬಂದಿದೆ. ಅವತ್ತು ಯಾರ್ಯಾರಿದ್ದರು, ಏನೇನಾಯಿತು ಅಂತ ಒಬ್ಬೊಬ್ಬರನ್ನೇ ಕೂರಿಸಿ, ಬಾಯಿಂದ ಹೇಳಿಸಿ ಬರೆದುಕೊಳ್ಳಬೇಕಂತೆ. ಹೇಳಿಕೆ ಬರೆಸಿದ ಮನೆಗೆ ಹೊಸ ಕಟ್ಟಡದಲ್ಲಿ ಒಂದು ಕೋಣೆ. ಬರೆಯದೆ ಉಳಿದವರು ಶೆಡ್ಡು ಬಿಟ್ಟು ಹೊರಡಬೇಕು.

ಜನ ಬಂದರು, ಹೇಳಿದರು, ಅತ್ತರು. ಸಾಹೇಬ ಎಲ್ಲರಿಗೂ ಒಂದೇ ಪ್ರಶ್ನೆ ಹಾಕುತ್ತಿದ್ದ: "ನೀನು ಅಲ್ಲಿದ್ದೆ ಅನ್ನೋದಕ್ಕೆ ಏನಿದೆ?" ಏನಿರುತ್ತೆ? ಲಾರಿ ಹತ್ತಿಸುವಾಗ ಕಾಗದಪತ್ರ ಹುಡುಕಿಕೊಂಡು ಬನ್ನಿ ಅಂತ ಯಾರಾದರೂ ಕಾದಿದ್ದರಾ? ನಗರಸಭೆಯ ಪುಸ್ತಕವನ್ನು ಗೆದ್ದಲು ತಿಂದು ತೇಗಿತ್ತು. ಕೊನೆಗೆ ಅಜ್ಜಿಯ ತಂಗಿಮಗಳು, "ದೊಡ್ಡಮ್ಮ, ನಿನ್ನ ಬಟ್ಟೆ ತಗೊಂಡು ಹೋಗು, ನಮ್ಮ ಪುಣ್ಯಕ್ಕೆ ಅದಾದ್ರೂ ಉಳಿದಿದೆ," ಅಂತ ಇವಳನ್ನು ದಬ್ಬಿ ಕಳಿಸಿದ್ದಳು.

ಅಜ್ಜಿ ಗಂಟು ಬಿಚ್ಚಿದಳು. ಒಂದಾಳುದ್ದದ ಬಿಳಿ ಬಟ್ಟೆ. ಅದರ ಮೇಲೆ ಸಾಲಾಗಿ ಕಪ್ಪು ಚುಕ್ಕೆ, ಗೆರೆ, ಕೊಕ್ಕೆ. ಒಗೆಯುವವರು ಯಾರ ಬಟ್ಟೆ ಯಾರದ್ದು ಅಂತ ತಿಳಿಯಲು ಅಂಚಿನಲ್ಲಿ ಹಾಕುವ ಗುರುತುಗಳು. ಎಷ್ಟು ಒಗೆದರೂ ಹೋಗದ ಮಸಿ. ಇವಳು ಸೊಸೆಯಾಗಿ ಬಂದ ಹೊಸತರಲ್ಲಿ ದರ್ಜಿಯ ಪಂಚೆಯನ್ನು ಮೇಷ್ಟ್ರ ಮನೆಗೂ, ಮೇಷ್ಟ್ರ ಹೆಂಡತಿಯ ಸೀರೆಯನ್ನು ದರ್ಜಿಯ ಮನೆಗೂ ಕೊಟ್ಟು ದೊಡ್ಡ ರಾಮಾಯಣ ಮಾಡಿದ್ದಳು. ಆಗ ಅತ್ತೆ ತಲೆಗೆ ಮೊಟಕಿ, ಓಣಿಯ ಮೇಲಿನ ತುದಿಯಿಂದ ಕಾಲುವೆಯ ಒಗೆಯುವ ಕಲ್ಲಿನವರೆಗೆ ಮನೆಗಳು ಹೇಗಿದ್ದವೋ ಅದೇ ಸಾಲಿನಲ್ಲಿ ಗುರುತು ಹಾಕಿ ಈ ಬಟ್ಟೆ ಕೊಟ್ಟಿದ್ದಳು. ಚುಕ್ಕೆಜ್ಜಿ ಅನ್ನೋ ಹೆಸರು ಬಿದ್ದದ್ದೂ ಹಾಗೆಯೇ.

"ಇದು ಎರಡು ಚುಕ್ಕೆ, ಒಂದು ಗೆರೆ. ಸೂಲಗಿತ್ತಿ ಮನೆ. ವಾರಕ್ಕೆ ಮೂರು ಸೀರೆ, ಮೂರಕ್ಕೂ ರಕ್ತ. ಇದು ಕೊಕ್ಕೆ, ಮೇಷ್ಟ್ರದ್ದು. ಇದ್ದದ್ದೇ ಎರಡು ಅಂಗಿ. ಆದ್ರೆ ಏನು ಠೀವಿ ಅಂತೀರಿ, ಇಪ್ಪತ್ತಿರೋ ಹಂಗೆ ತಿರುಗೋನು. ಇದು ಮೂರು ಚುಕ್ಕೆ, ದರ್ಜಿ. ಊರಿಗೆಲ್ಲ ಹೊಸದು ಹೊಲಿದು ತಾನು ತೇಪೆ ಹಾಕ್ಕೋತಿದ್ದ."

ಪಕ್ಕದಲ್ಲಿ ಧ್ವನಿ ಹಿಡಿಯುವ ಯಂತ್ರ ಇಟ್ಟುಕೊಂಡಿದ್ದ ಹುಡುಗಿ ಕುರ್ಚಿ ಹತ್ತಿರ ಎಳೆದುಕೊಂಡಳು. ಅಜ್ಜಿಗೆ ಹುರುಪು ಬಂತು. ಇಷ್ಟು ಹೊತ್ತು ತನ್ನ ಮಾತು ಯಾರಾದರೂ ಕೇಳಿ ಎಷ್ಟು ವರ್ಷವಾಗಿತ್ತೋ.

"ಲಾರಿ ಬಂದಾಗ ನಾನು ಕಾಲುವೇಲಿದ್ದೆ. ಹಸಿ ಮೂಟೆ ಸಮೇತ ನನ್ನನ್ನ ಎತ್ತಿ ಒಗೆದ್ರು. ಆ ಮೂಟೆನೇ ಆಮೇಲೆ ಜನಕ್ಕೆ ಮರ್ಯಾದೆ ಉಳಿಸಿದ್ದು. ಶೆಡ್ಡಿಂದ ಶೆಡ್ಡಿಗೆ ಹೋಗಿ ಗುರುತು ನೋಡಿ ನೋಡಿ ಹಂಚಿದೆ. ಮೂರು ಮನೆ ಬಟ್ಟೆ ಇಸ್ಕೊಳ್ಳೋಕೆ ಯಾರೂ ಬರ್ಲಿಲ್ಲ."

"ಯಾಕಜ್ಜಿ?"

"ಬರೋಕೆ ಅವರು ಇರ್ಲಿಲ್ಲ ಮಗ. ಅವತ್ತಿನ ಗಲಾಟೇಲೇ ಹೋಗ್ಬಿಟ್ರು."

ಸಾಹೇಬ ಪೆನ್ಸಿಲ್ ತುದಿಯಿಂದ ಗುರುತು ಎಣಿಸಿದ. ನಲವತ್ತೇಳು. ಅವನ ಮುಖ ಅರಳಿತು. ಸರ್ಕಾರಕ್ಕೆ ತೋರಿಸಲು ಒಂದು ಆಧಾರ ಸಿಕ್ಕಿತ್ತು. ಮುದುಕಿ ಹೋಗಿ ಅಮ್ಮ ಆದಳು, ಅಮ್ಮನಿಗೆ ಚಹಾ ಬಂತು.

"ಇದರಲ್ಲಿ ನಿಮ್ಮ ಮನೆ ಗುರುತು ಯಾವುದಜ್ಜಿ?" ಹುಡುಗಿ ಕೇಳಿದಳು.

ಅಜ್ಜಿ ನಕ್ಕಳು. "ಒಗೆಯೋಳ ಬಟ್ಟೆಗೆ ಯಾಕಮ್ಮ ಗುರುತು? ಯಾರದ್ದೂ ಅಲ್ಲ ಅಂದ್ರೆ ಅದು ನಮ್ಮದು."

"ಇರಲಿ, ಬಾಯಿಮಾತಲ್ಲೇ ಬರ್ಕೋ. ನಲವತ್ತೆಂಟು," ಅಂದ ಸಾಹೇಬ.

ಕಿಟಕಿ ಪಕ್ಕ ಇನ್ನೊಬ್ಬ ಕೂತಿದ್ದ. ಓಣಿಯ ನೆಲವೆಲ್ಲ ಅವನ ಅಪ್ಪನದ್ದು. ಅಪ್ಪ ಸತ್ತ ಮೇಲೆ ಇವನೇ ಧಣಿ, ಈಗ ಈ ಹೇಳಿಕೆ ಸಮಿತಿಯಲ್ಲೂ ಒಬ್ಬ. ಅಲ್ಲಿಯವರೆಗೆ ತುಟಿ ಬಿಚ್ಚದವನು ಸಾವಕಾಶವಾಗಿ ಕೇಳಿದ: "ನಿನ್ನ ಒಗೆಯೋ ಕಲ್ಲಿನಿಂದ ಕೆಳಗಡೆ ಏನೂ ಇರಲಿಲ್ಲ ತಾನೆ? ಖಾಲಿ ಜಾಗ ತಾನೆ?"

ಚಹಾದ ಬಿಸಿ ಇನ್ನೂ ನಾಲಿಗೆ ಮೇಲಿತ್ತು. ಅಜ್ಜಿ ಯೋಚನೆ ಮಾಡಲಿಲ್ಲ. "ಕೆಳಗಡೆ ನಮ್ಮವರು ಯಾರೂ ಇರ್ಲಿಲ್ಲ ಧಣಿ," ಅಂದಳು.

ಶುಕ್ರವಾರ ಬಂದು ಓಣಿಯ ನಕ್ಷೆಗೆ ಹೆಬ್ಬೆಟ್ಟು ಒತ್ತಿ ಹೋಗಬೇಕು, ಸಾಕ್ಷಿಯ ಹೆಬ್ಬೆಟ್ಟು ಬಿದ್ದರೇನೇ ಅದು ಊರ್ಜಿತ ಅಂತ ಸಾಹೇಬ ಹೇಳಿ ಕಳಿಸಿದ.

ಮಾರನೇ ದಿನ ಅಜ್ಜಿ ಶೆಡ್ಡಿನ ಮುಂದೆ ಲಾಡ್ಜಿನ ಹಾಸಿಗೆ ಬಟ್ಟೆ ಇಸ್ತ್ರಿ ಮಾಡುತ್ತಿದ್ದಳು. ಬೆಳಿಗ್ಗೆಯಿಂದ ಶೆಡ್ಡಿನವರೆಲ್ಲ ಒಬ್ಬೊಬ್ಬರಾಗಿ ಬಂದು ಮಾತಾಡಿಸಿ ಹೋಗಿದ್ದರು. ಮೇಷ್ಟ್ರ ಮಗ ಕಾಲಿಗೇ ಬಿದ್ದಿದ್ದ. ಗುಂಡಿಯವನು ಬಂದದ್ದು ಅವರೆಲ್ಲ ಹೋದ ಮೇಲೆ. ಊರಿನ ಮಲದ ಗುಂಡಿಗೆ ಇಳಿಯುವವನು, ಕೊನೆಯ ಶೆಡ್ಡಿನಲ್ಲಿ ಒಬ್ಬನೇ ಇರುವವನು. ತಗಡಿನ ನೆರಳಿಗೆ ಬರದೆ ಬಿಸಿಲಲ್ಲೇ ನಿಂತ.

"ನೀನು ಏನಂತ ಹೇಳಿ ಬಂದೆ?"

"ಏನೋ? ಯಾವುದು?"

"ನನ್ನ ಹೇಳಿಕೆ ತಗೊಳ್ಳಲ್ಲ ಅಂದ್ರು. ಬಟ್ಟೆ ಮೇಲೆ ನಿಮ್ಮ ಮನೆ ಇಲ್ಲ, ಕೆಳಗಡೆ ಯಾರೂ ಇರ್ಲಿಲ್ಲ ಅಂತ ಮುದುಕಿನೇ ಹೇಳಿದ್ದಾಳೆ ಅಂದ್ರು. ಶನಿವಾರದೊಳಗೆ ಶೆಡ್ಡು ಬಿಡ್ಬೇಕಂತೆ. ಯಾರೂ ಇರ್ಲಿಲ್ವಾ? ಹನ್ನೆರಡು ಮನೆ. ನಮ್ಮವ್ವ ಯಾರು ಹಾಗಾದ್ರೆ? ನಾಯಿನಾ?"

ಅಜ್ಜಿಯ ಕೈ ನಿಂತಿತು. "ಗುರುತು ಇದ್ದೋರದ್ದು ಹೇಳಿದೆ ಕಣಪ್ಪ. ನಿಮ್ಮ ಬಟ್ಟೆ ನಾವು…"

"ಮುಟ್ಟುತಿರ್ಲಿಲ್ಲ. ಹೇಳು, ನುಂಗ್ಬೇಡ. ನಿನ್ನ ಕಲ್ಲಿಂದ ಇಳಿದು ಬರೋ ಸೋಪಿನ ನೀರಲ್ಲಿ ನಮ್ಮವ್ವ ನಮ್ಮ ಚಿಂದಿ ಜಾಲಿಸ್ತಿದ್ಲು. ಸೋಪು ಪುಕ್ಕಟೆ ಬಿಡ್ರೋ ಅಂತ ನಗೋಳು." ಅವನ ದನಿ ಏರಲಿಲ್ಲ. "ಆ ಧಣಿ ಬೋಳಿಮಗ ಸುಳ್ಳು ಹೇಳಿದ್ರೆ ನಂಗೇನೂ ಅನ್ಸಲ್ಲ, ಅವನು ತಿನ್ನೋ ಅನ್ನನೇ ಅದು. ನೀನು ದಿನಾ ನಮ್ಮನ್ನ ನೋಡ್ತಿದ್ದೆ. ನಿನಗೇನು ಬಂದಿತ್ತು?"

ಅವನು ಹೋದ ಮೇಲೆ ಸುಟ್ಟ ವಾಸನೆ ಬಂತು. ಇಸ್ತ್ರಿಪೆಟ್ಟಿಗೆ ಕೆಳಗೆ ಲಾಡ್ಜಿನ ಬಟ್ಟೆ ಕಂದಿಹೋಗಿತ್ತು. ಅಜ್ಜಿ ಪೆಟ್ಟಿಗೆ ಎತ್ತಿ ಪಕ್ಕಕ್ಕಿಟ್ಟು ಹಾಗೇ ಕೂತಳು.

ಹೇಳಬಾರದು ಅಂತ ಅವಳು ಮುಚ್ಚಿಟ್ಟಿದ್ದಲ್ಲ. ಸುಳ್ಳು ಹೇಳಿದೆ ಅಂತಲೂ ಅನ್ನಿಸಿರಲಿಲ್ಲ. ಓಣಿ ಅಂದರೆ ಅವಳಿಗೆ ಆ ಬಟ್ಟೆಯೇ. ಬಟ್ಟೆ ಎಲ್ಲಿಗೆ ಮುಗಿಯುತ್ತೋ ಅಲ್ಲಿಗೆ ಲೋಕ ಮುಗಿಯುತ್ತಿತ್ತು. ಥೂ ನನ್ನ ಬಾಳಿಗೆ ಅಂತ ತನ್ನನ್ನೇ ಬೈದುಕೊಂಡಳು. ಬೈದುಕೊಂಡದ್ದನ್ನು ಕೇಳಿಸಿಕೊಳ್ಳುವವರು ಯಾರೂ ಇರಲಿಲ್ಲ. ಗಂಡ ಶೆಡ್ಡಿಗೆ ಬಂದ ಮೊದಲ ಚಳಿಗೇ ಕೆಮ್ಮಿ ಕೆಮ್ಮಿ ಹೋದ. ಮಕ್ಕಳಿರಲಿಲ್ಲ. ಊರು ಹೋಗು ಅನ್ನುತ್ತೆ ಕಾಡು ಬಾ ಅನ್ನುತ್ತೆ ಅನ್ನುವ ವಯಸ್ಸು. ಬೆಳಿಗ್ಗೆ ಬಂದ ಜನರ ಒಳ್ಳೆ ಮಾತು ಅವಳಿಗೆ ಎಷ್ಟು ಹಿತವಾಗಿತ್ತು ಅಂದರೆ, ಈಗ ಅದನ್ನು ಕಳೆದುಕೊಳ್ಳಲು ಮನಸ್ಸೇ ಬರಲಿಲ್ಲ.

ಅದಕ್ಕಿಂತ ದೊಡ್ಡದು ಇನ್ನೊಂದಿತ್ತು. ಮೂವತ್ತನಾಲ್ಕು ವರ್ಷ ಯಾರಿಗೂ ಹೇಳದ್ದು. ಹೇಳು ಅಂತ ಯಾರೂ ಕೇಳಿರಲೂ ಇಲ್ಲ.

ಬುಧವಾರ ಅವಳು ಮತ್ತೆ ಆ ಕೋಣೆಗೆ ಹೋದಳು. ಸಾಹೇಬನೂ ಧಣಿಯೂ ಏನೋ ಮಾತಾಡಿ ನಗುತ್ತಿದ್ದರು. ಹುಡುಗಿ ಎದ್ದು ಕುರ್ಚಿ ಕೊಟ್ಟಳು.

"ಸ್ವಾಮಿ, ನಾನು ಹೇಳಿದ್ರಲ್ಲಿ ಒಂದು ಬಿಟ್ಟುಹೋಗಿದೆ. ಕೆಳಗಿನ ಸಾಲು. ಹನ್ನೆರಡು ಮನೆ."

ಹುಡುಗಿ ಯಂತ್ರದ ಗುಂಡಿ ಒತ್ತಿದಳು. ಸಾಹೇಬ ಕೈ ಚಾಚಿ ಅದನ್ನು ನಿಲ್ಲಿಸಿದ. ಹುಡುಗಿ ಅವನ ಮುಖ ನೋಡಿ ಕೈ ಹಿಂದಕ್ಕೆ ತೆಗೆದುಕೊಂಡಳು.

"ನಿನ್ನ ಬಟ್ಟೇಲಿ ಇದೆಯಾ?"

"ಇಲ್ಲ. ಅವರದ್ದು ನಾವು ಒಗೀತಿರ್ಲಿಲ್ಲ."

"ಅವರ ಹೆಸರು ಗೊತ್ತಾ?"

ಅಜ್ಜಿಗೆ ಒಂದು ಹೆಸರೂ ಗೊತ್ತಿರಲಿಲ್ಲ. ಇಪ್ಪತ್ತು ವರ್ಷ ಕಲ್ಲಿನಿಂದ ಕೂಗಳತೆಯ ದೂರದಲ್ಲಿದ್ದವರನ್ನು ಒಮ್ಮೆಯೂ ಹೆಸರು ಹಿಡಿದು ಕೂಗಿರಲಿಲ್ಲ.

"ಹೋಗಲಿ, ಏನು ನೋಡಿದೆ ಅದನ್ನಾದರೂ ಹೇಳು," ಅಂದ ಧಣಿ, ಕಾಲು ಮೇಲೆ ಕಾಲು ಹಾಕಿಕೊಂಡು.

"ನೋಡಿದೀನಿ ಧಣಿ. ನಮ್ಮ ಓಣಿಗೆ ಲಾರಿ ಬಂದದ್ದು ಮಧ್ಯಾಹ್ನ. ಅವರ ಸಾಲು ಕೆಡವಿದ್ದು ಬೆಳಿಗ್ಗೆ. ನಾನು ಕಲ್ಲಿನ ಮೇಲಿದ್ದೆ. ಗೋಡೆ ಬಿದ್ದಾಗೆಲ್ಲ ಧೂಳು ಏಳೋದು. ಹನ್ನೆರಡು ಸಲ ಎದ್ದಿತು. ಅವರಿಗೆ ಲಾರಿನೂ ಇರ್ಲಿಲ್ಲ, ಬಡಿಗೆ ಹಿಡಿದು ಕಾಲುವೆ ಉದ್ದಕ್ಕೂ ಅಟ್ಟಿದ್ರು. ನಿಮ್ಮಪ್ಪ ಕೊಡೆ ಹಿಡ್ಕೊಂಡು ನಿಂತಿದ್ರು. ನಾನು ನೋಡ್ತಾ ನೋಡ್ತಾ ಒಗೀತಾನೇ ಇದ್ದೆ. ಅವರದ್ದು ತಾನೆ ಅಂದ್ಕೊಂಡೆ. ಓಡಿಹೋಗಿ ಓಣಿಯೋರಿಗೆ ಒಂದು ಮಾತು ಹೇಳಿದ್ದಿದ್ರೆ ಅರ್ಧ ದಿನ ಸಿಗ್ತಿತ್ತು. ಮೂರು ಮನೆ ಬಟ್ಟೆ ಹಾಗೇ ಉಳೀತಿರ್ಲಿಲ್ವೇನೋ. ಅದನ್ನೂ ಬರ್ಕೊಳ್ಳಿ."

 ಧಣಿಯ ಅಪ್ಪ ಆ ಭಾಗ ಖಾಲಿ ಅಂತ ಸರ್ಕಾರಕ್ಕೆ ಬರೆದುಕೊಟ್ಟು, ಅದಕ್ಕೆ ಬದಲಾಗಿ ಪೇಟೆ ನಡುವೆ ಜಾಗ ಗಿಟ್ಟಿಸಿದ್ದು ಊರಿಗೆಲ್ಲ ಗೊತ್ತಿತ್ತು. ಧಣಿ ಕಾಲು ಇಳಿಸಿದ.

"ಮುದುಕಿಗೆ ಅರಳುಮರಳು," ಅಂದ ಸಾಹೇಬನ ಕಡೆ ತಿರುಗಿ. "ಆ ಗುಂಡಿ ನನ್ಮಗ ಏನೋ ತಲೆಗೆ ತುಂಬಿದ್ದಾನೆ."

ಸಾಹೇಬ ಅಜ್ಜಿಗೆ ಮಗುವಿಗೆ ಹೇಳುವ ಹಾಗೆ ಬಿಡಿಸಿ ಹೇಳಿದ. ಸಾಕ್ಷಿ ಮಾತು ಬದಲಾಯಿಸಿದರೆ ಮೊದಲು ಹೇಳಿದ್ದೂ ನಿಲ್ಲಲ್ಲ. ಹನ್ನೆರಡು ಮನೆ ಮರೆತವಳು ನಲವತ್ತೇಳನ್ನು ಸರಿಯಾಗಿ ಹೇಳಿದಳು ಅಂತ ಯಾರು ನಂಬುತ್ತಾರೆ? ಬಟ್ಟೆಯೂ ಹೋಯಿತು, ಕೋಣೆಗಳೂ ಹೋದವು. "ಯೋಚನೆ ಮಾಡು. ನಿನ್ನ ಜನರೇ ನಿನ್ನ ಮುಖಕ್ಕೆ ಉಗೀತಾರೆ."

"ನನ್ನ ಮನೆಗೂ ಗುರುತಿರ್ಲಿಲ್ಲ ಸ್ವಾಮಿ. ಬಾಯಿಮಾತಲ್ಲಿ ಬರ್ಕೊಂಡ್ರಲ್ಲ?"

"ಎದ್ದೇಳು, ಎದ್ದೇಳು. ಹಿಂದೆ ಜನ ಇದ್ದಾರೆ."

ಅವಳು ಶೆಡ್ಡು ಮುಟ್ಟುವ ಮೊದಲೇ ಸುದ್ದಿ ಮುಟ್ಟಿತ್ತು. ತಂಗಿಮಗಳು ಸೆರಗು ಸೊಂಟಕ್ಕೆ ಸಿಕ್ಕಿಸಿಕೊಂಡು ಬಾಗಿಲಲ್ಲೇ ಕಾಯುತ್ತಿದ್ದಳು.

"ದೊಡ್ಡಮ್ಮ, ನಿನಗೇನು ಬುದ್ಧಿಗಿದ್ಧಿ ಕೆಟ್ಟಿದೆಯಾ? ಆರು ಜನ ಒಂದೇ ತಗಡಿನ ಕೆಳಗೆ ಮಲಗ್ತೀವಿ. ದೊಡ್ಡ ಹುಡುಗಿ ಬಟ್ಟೆ ಬದಲಾಯಿಸಬೇಕಾದ್ರೆ ಗಂಡಸರನ್ನೆಲ್ಲ ಹೊರಗೆ ಕಳಿಸ್ಬೇಕು. ಒಂದು ಕೋಣೆ, ಬಾಗಿಲಿರೋ ಒಂದು ಕೋಣೆ ಸಿಗ್ತಾ ಇದೆ. ಅದಕ್ಕೆ ಕಲ್ಲು ಹಾಕ್ತೀಯಾ?"

"ಅವನನ್ನ ಶನಿವಾರ ಓಡಿಸ್ತಾರೆ ಕಣೆ."

"ಓಡಿಸ್ಲಿ. ಅವನೇನು ನಿನ್ನ ಹೊಟ್ಟೇಲಿ ಹುಟ್ಟಿದ್ನಾ?" ಅಂದವಳು ಅತ್ತೇಬಿಟ್ಟಳು. "ನಿನ್ನ ಕಾಲಿಗೆ ಬೀಳ್ತೀನಿ ದೊಡ್ಡಮ್ಮ. ಶುಕ್ರವಾರ ಬಾಯಿ ಮುಚ್ಕೊಂಡು ಹೆಬ್ಬೆಟ್ಟು ಒತ್ತಿ ಬಾ."

ಅಜ್ಜಿ ಅವಳ ತಲೆ ಸವರಲು ಕೈ ಚಾಚಿದಳು. ತಂಗಿಮಗಳು ತಲೆ ಸರಿಸಿಕೊಂಡು ಹೊರಟುಹೋದಳು. ಆಮೇಲೆ ಅವತ್ತು ಯಾರೂ ಬರಲಿಲ್ಲ. ಮೇಷ್ಟ್ರ ಮಗ ಎದುರಿಗೆ ಸಿಕ್ಕವನು ಚಪ್ಪಲಿ ನೋಡಿಕೊಂಡು ದಾಟಿದ. ನಲ್ಲಿಯ ಹತ್ತಿರ ಅವಳು ಹೋದಾಗ ಮಾತು ನಿಂತಿತು, ಹೊರಟು ಬಂದ ಮೇಲೆ ಮತ್ತೆ ಶುರುವಾಯಿತು. ಇದ್ದೊಂದು ಒಳ್ಳೆ ಮಾತಿನ ದಿನವೂ ಮುಗಿದಿತ್ತು. ಇವರೇನು ಕೆಟ್ಟವರಲ್ಲ, ಬಾಗಿಲು ಬೇಕು ಅಷ್ಟೇ. ಅದು ಅವಳಿಗೆ ಚೆನ್ನಾಗಿ ಗೊತ್ತಿತ್ತು, ಅದಕ್ಕೇ ಇನ್ನಷ್ಟು ನೋವಾಯಿತು.

ಗುರುವಾರ ಸಂಜೆ ಅವಳು ಕೊನೆಯ ಶೆಡ್ಡಿಗೆ ನಡೆದಳು. ಅಲ್ಲಿಗೆ ಅವಳು ಕಾಲಿಟ್ಟದ್ದೇ ಅವತ್ತು ಮೊದಲು. ಗುಂಡಿಯವನು ಸೀಮೆಎಣ್ಣೆ ಹಚ್ಚಿ ಕಾಲು ಉಜ್ಜುತ್ತಿದ್ದ. ಒಂದು ಚೀಲ ಆಗಲೇ ಕಟ್ಟಿಟ್ಟಿದ್ದ.

"ಹೆಸರು ಹೇಳು," ಅಂದಳು ಅಜ್ಜಿ, ನೆಲದ ಮೇಲೆ ಕೂತು.

"ಯಾರದ್ದು?"

"ಹನ್ನೆರಡು ಮನೆಯೋರದ್ದು. ಹೆಸರು ಗೊತ್ತಿಲ್ಲ ಅಂದ್ರೆ ಏನಂತ ಕರೀತಿದ್ರಿ ಅದನ್ನ ಹೇಳು. ನನಗೆ ಓದು ಬರಲ್ಲ, ಕೇಳಿದ್ದು ಮರೆಯಲ್ಲ."

"ಈಗ ತಿಳ್ಕೊಂಡು ಏನು ಕಿತ್ತು ಹಾಕ್ತೀಯ?"

"ಕಿತ್ತು ಹಾಕೋದು ಆಮೇಲೆ. ನೀನು ಹೇಳು."

ಅವನು ಸೀಮೆಎಣ್ಣೆ ಡಬ್ಬಿ ಮುಚ್ಚಿಟ್ಟ. ಆಮೇಲೆ ನಿಧಾನಕ್ಕೆ ಶುರು ಮಾಡಿದ. ಮೊದಲನೇ ಮನೆ ಹಗ್ಗ ಹೊಸೆಯೋ ಕುಂಟನದ್ದು. ಎರಡನೇದು ಅವರದ್ದೇ, ಅವ್ವ ಮತ್ತು ಅವನು. ಮೂರನೇದರಲ್ಲಿ ಅವಳಿ ಅಣ್ಣತಮ್ಮಂದಿರು, ಒಬ್ಬರ ಮೇಲೊಬ್ಬರಿಗೆ ಯಾವಾಗಲೂ ಜಗಳ, ಊಟ ಮಾತ್ರ ಒಂದೇ ತಟ್ಟೆಯಲ್ಲಿ. ಏಳನೇದರಲ್ಲಿ ಅವತ್ತು ಬೆಳಿಗ್ಗೆ ಒಬ್ಬಳು ಬಾಣಂತಿ. ಸೂಲಗಿತ್ತಿ ಅವರ ಸಾಲಿಗೆ ಬರುತ್ತಿರಲಿಲ್ಲ, ಅವನ ಅವ್ವನೇ ಹೆರಿಗೆ ಮಾಡಿಸಿದ್ದಳು. ಬಾಣಂತಿ ಕಾಲುವೆ ದಂಡೆಯಲ್ಲಿ ಎಷ್ಟು ದೂರ ನಡೆದಳೋ ಅವನು ಹೇಳಲಿಲ್ಲ, ಅಜ್ಜಿ ಕೇಳಲಿಲ್ಲ. ಅವ್ವ ಸತ್ತದ್ದು ಮಾತ್ರ ಹೇಳಿದ, ಮೂರನೇ ದಿನ, ಯಾವುದೋ ಸೇತುವೆ ಕೆಳಗೆ. ಅವನೊಬ್ಬನೇ ತಿರುಗಿ ಬಂದು ಈ ಶೆಡ್ಡು ಹಿಡಿದದ್ದು ಆಮೇಲೆ. ಹನ್ನೆರಡನೇ ಮನೆಗೆ ಬಂದಾಗ ತಡವರಿಸಿದ.

"ಅಲ್ಲೊಬ್ಬಳು ಇದ್ಲು. ಒಬ್ಬಳೇ. ಹೆಸರು ನಂಗೂ ಗೊತ್ತಿಲ್ಲ. ಯಾರ ಜೊತೆಗೂ ಮಾತಾಡ್ತಿರ್ಲಿಲ್ಲ."

"ಆಯ್ತು. ಒಬ್ಬಳೇ ಇದ್ದೋಳು," ಅಂತ ಅಜ್ಜಿ ಬಾಯಿಪಾಠ ಮಾಡಿಕೊಂಡಳು.

ಶುಕ್ರವಾರ ಕೋಣೆ ತುಂಬ ಜನ. ಗುರುತಿದ್ದ ಮನೆಗಳಲ್ಲಿ ಉಳಿದ ನಲವತ್ತನಾಲ್ಕು ಮನೆಯವರೂ ಇಸ್ತ್ರಿ ಬಟ್ಟೆ ಹಾಕಿಕೊಂಡು ಸಾಲಾಗಿ ನಿಂತಿದ್ದರು. ತಂಗಿಮಗಳು ಸಾಲಿನ ಮುಂದೆಯೇ ಇದ್ದಳು, ಕಂಕುಳಲ್ಲಿ ಮಗು. ಗುಂಡಿಯವನನ್ನು ಜವಾನ ಗೇಟಿನಲ್ಲೇ ತಡೆದಿದ್ದ. ಗುರುತಿನ ಬಟ್ಟೆಗೆ ಗಾಜಿನ ಚೌಕಟ್ಟು ಹಾಕಿಸಿ ಗೋಡೆಗೆ ತೂಗಿದ್ದರು. ಮೇಜಿನ ಮೇಲೆ ದೊಡ್ಡ ನಕ್ಷೆ. ಮೇಲಿನಿಂದ ಕಲ್ಲಿನವರೆಗೆ ಚೌಕ ಚೌಕ ಮನೆಗಳು. ಕಲ್ಲಿನ ಕೆಳಗೆ ಬಿಳಿ. ಬಿಳಿಯ ನಡುವೆ ಏನೋ ಬರೆದಿತ್ತು.

"ಏನು ಬರೆದಿದೆ ಮಗ ಇಲ್ಲಿ?" ಅಜ್ಜಿ ಹುಡುಗಿಯನ್ನು ಕೇಳಿದಳು.

ಹುಡುಗಿ ಸಾಹೇಬನ ಕಡೆ ನೋಡದೆ ಹೇಳಿದಳು: "ಖಾಲಿ ಜಾಗ ಅಂತ, ಅಜ್ಜಿ."

ಸಾಹೇಬ ಮಸಿಯ ಡಬ್ಬಿ ಮುಂದೆ ತಳ್ಳಿ ನಕ್ಷೆಯ ಮೂಲೆ ತೋರಿಸಿದ. "ಇಲ್ಲಿ. ಬೇಗ."

ಅಜ್ಜಿ ಹೆಬ್ಬೆರಳನ್ನು ಮಸಿಗೆ ಚೆನ್ನಾಗಿ ಒತ್ತಿದಳು. ಮೂಲೆ ಬಿಟ್ಟು, ಕೈಯನ್ನು ಕಲ್ಲಿನ ಕೆಳಗಿನ ಬಿಳಿ ಜಾಗಕ್ಕೆ ತಂದು ಒತ್ತಿದಳು.

"ಒಂದು. ಹಗ್ಗ ಹೊಸೆಯೋ ಕುಂಟ."

"ಏ, ಅಲ್ಲಲ್ಲ, ಇಲ್ಲಿ."

"ಎರಡು. ಗುಂಡಿಯವನ ಅವ್ವ, ನನ್ನ ಸೋಪಿನ ನೀರಲ್ಲಿ ಬಟ್ಟೆ ಜಾಲಿಸಿದೋಳು. ಮೂರು. ಅವಳಿ ಅಣ್ಣತಮ್ಮ."

ಧಣಿ ಎದ್ದು ಬಂದು ನಕ್ಷೆ ಎಳೆದ. ಅಜ್ಜಿ ಎಡಗೈಯನ್ನು ಪೂರ್ತಿ ಅದರ ಮೇಲೆ ಊರಿದಳು. ಹಸಿ ಕಂಬಳಿ ಹಿಂಡಿದ ಕೈ ಅದು, ಅವನು ಎಳೆದರೆ ಕಾಗದ ಹರಿಯುತ್ತಿತ್ತು, ಕೈ ಏಳುತ್ತಿರಲಿಲ್ಲ. ಅವನು ಬಿಟ್ಟ. ಏಳಕ್ಕೆ ಬಂದಾಗ ಅಜ್ಜಿ ಬೆರಳಿಗೆ ಮತ್ತೆ ಮಸಿ ಹಚ್ಚಿಕೊಂಡಳು. "ಏಳು. ಬಾಣಂತಿ. ಹಸಿ ಬಾಣಂತಿ," ಅಂತ ಎರಡು ಸಲ ಹೇಳಿದಳು. ಹುಡುಗಿಯ ಬೆರಳು ಯಂತ್ರದ ಗುಂಡಿಯ ಮೇಲಿತ್ತು. ಈ ಸಲ ಅವಳು ತೆಗೆಯಲಿಲ್ಲ.

"ಹನ್ನೆರಡು. ಒಬ್ಬಳೇ ಇದ್ದೋಳು."

ಬರೆದ ಅಕ್ಷರ ಮಸಿಯಡಿಯಲ್ಲಿ ಕಾಣದಾಗಿತ್ತು.

"ಹಾಳು ಮಾಡಿದೆಯಲ್ಲೇ ಮುಂಡೆ," ಅಂದ ಸಾಹೇಬ. ಮೇಜಿನ ಆ ಕಡೆಯಿಂದ ಅವನ ಎಂಜಲು ಹಾರಿತು. "ನಲವತ್ತೆಂಟನೇ ಮನೆ ರದ್ದು. ನಿನಗೆ ಕೋಣೆಯೂ ಇಲ್ಲ, ಶೆಡ್ಡೂ ಇಲ್ಲ. ಹೊಸ ನಕ್ಷೆ ತರಿಸೋತನಕ ಇವರಿಗೂ ಇಲ್ಲ."

"ನನ್ನದು ಹೊಡೆದುಹಾಕಿ ಸ್ವಾಮಿ. ಇವರದ್ದು ಮುಟ್ಟಬೇಡಿ, ಬಟ್ಟೆ ಮೇಲಿರೋದು ಒಂದೂ ಸುಳ್ಳಲ್ಲ. ಹೊಸ ನಕ್ಷೆ ತರಿಸಿ. ಅದರ ಮೇಲೂ ಮೊದಲು ಹನ್ನೆರಡು ಒತ್ತಿ ಆಮೇಲೆ ಮೂಲೆಗೆ ಬರ್ತೀನಿ."

ಸಾಲಿನಲ್ಲಿ ಗುಜುಗುಜು ಎದ್ದಿತು. ಯಾರೋ ಹಲ್ಕಟ್ ಮುದುಕಿ ಅಂದರು. ಸಾಹೇಬ ಜನರ ಕಡೆ ತಿರುಗಿದ.

"ಇವಳು ಯಾರ ಮನೆಯೋಳು? ಬಂದು ಎಳ್ಕೊಂಡು ಹೋಗಿ."

ಮೇಷ್ಟ್ರ ಮಗ ಗೋಡೆಯ ಬಟ್ಟೆ ನೋಡಿದ. ದರ್ಜಿಯ ಸೊಸೆ ಸೆರಗು ಬಾಯಿಗೆ ಒತ್ತಿಕೊಂಡಳು. ತಂಗಿಮಗಳು ಮಗುವನ್ನು ಈ ಕಂಕುಳಿಂದ ಆ ಕಂಕುಳಿಗೆ ಬದಲಾಯಿಸಿಕೊಂಡು ನೆಲ ನೋಡಿದಳು. ಸಾಹೇಬ ಇನ್ನೊಮ್ಮೆ ಕೇಳಿದ. ನಲವತ್ತನಾಲ್ಕು ಮನೆಯವರಲ್ಲಿ ಒಬ್ಬರೂ ನಮ್ಮೋಳು ಅನ್ನಲಿಲ್ಲ.

ಅಜ್ಜಿ ತಂಗಿಮಗಳನ್ನೇ ಸ್ವಲ್ಪ ಹೊತ್ತು ನೋಡಿದಳು. ಆಮೇಲೆ ಹೇಳಿಕೆ ಕೊಡುವವರ ಕುರ್ಚಿಯನ್ನು ಕಾಲಿನಿಂದ ಹತ್ತಿರ ಎಳೆದು, ಮಸಿ ಸೀರೆಗೆ ತಾಗದ ಹಾಗೆ ಹೆಬ್ಬೆರಳು ಎತ್ತಿ ಹಿಡಿದುಕೊಂಡು, ಹೊಸ ನಕ್ಷೆ ಬರುವವರೆಗೆ ಕಾಯಲು ಕೂತಳು.